ಮುಡಿಪಿಟ್ಟ ಒಂದು ರಾತ್ರಿ: ಫ್ಲಾರೆನ್ಸಿನಲ್ಲಿ ಲ್ಯಾಂಡರ್‌ನ ಜಾಡು ಹಿಡಿದು

ಹನ್ನೆರಡು ವರ್ಷದ ಹಿಂದೆ ಕೋಲ್ಕತ್ತಕ್ಕೆ ಹೋಗಿದ್ದಾಗ ಸೌತ್ ಪಾರ್ಕ್ ಸ್ಟ್ರೀಟ್ ಸ್ಮಶಾನ ನೋಡಿದ್ದೆ. 1767ರಲ್ಲಿ ಶುರುವಾದ ಜಾಗ. ಕಂಪನಿ ಕಾಲದ ಇಂಗ್ಲಿಷರು ಮಲಗಿರುವ ದೊಡ್ಡ ದೊಡ್ಡ ಗೋರಿಗಳು, ಮೇಲೆಲ್ಲ ಪಾಚಿ, ಮಧ್ಯೆ ದಟ್ಟವಾಗಿ ಬೆಳೆದ ಮರಗಳು. ಅಲ್ಲಿ ಹುರಿ ಹೊಸೆದ ಹಾಗೆ ತಿರುಚಿಕೊಂಡು ಮೇಲೇರುವ ಒಂದು ಎತ್ತರದ ಗೋರಿ ಇದೆ. ರೋಸ್ ಐಲ್ಮರ್ ಎಂಬ ಹುಡುಗಿಯದು. 1800ರ ಮಾರ್ಚ್‌ನಲ್ಲಿ ತೀರಿಕೊಂಡಾಗ ಅವಳಿಗೆ ಇಪ್ಪತ್ತು ವರ್ಷ. ಗೋರಿಯ ಮೇಲೆ ಎಂಟು ಸಾಲಿನ ಪದ್ಯ ಕೆತ್ತಿದ್ದಾರೆ. ಬರೆದವನು ವಾಲ್ಟರ್ ಸ್ಯಾವೇಜ್ ಲ್ಯಾಂಡರ್ ಎಂಬ ಇಂಗ್ಲಿಷ್ ಕವಿ.

ಆ ಎಂಟು ಸಾಲನ್ನು ಮೈಸೂರಿನ ಕಾಲೇಜಿನಲ್ಲಿ ಎಷ್ಟೋ ವರ್ಷ ಪಾಠ ಮಾಡಿದ್ದೆ. ಕೊನೆಯ ಸಾಲಿನ ಒಂದು ಪದ ಮಕ್ಕಳಿಗೆ ಹೇಗೆ ಹೇಳಬೇಕು ಅಂತಲೇ ತಿಳಿಯುತ್ತಿರಲಿಲ್ಲ. ಅರ್ಪಿಸು ಅಂದರೆ ಸಾಲದು, ಸಮರ್ಪಿಸು ಅಂದರೆ ಭಾಷಣದ ಹಾಗೆ ಕೇಳಿಸುತ್ತದೆ. ಒಂದು ದಿನ ಕ್ಲಾಸಿನಲ್ಲಿ ಇದ್ದಕ್ಕಿದ್ದ ಹಾಗೆ ಬಾಯಿಗೆ ಬಂತು: ಮುಡಿಪು. ನಮ್ಮ ಅಜ್ಜಿ ಅರಿಶಿನದ ಬಟ್ಟೆಯಲ್ಲಿ ಕಾಸು ಕಟ್ಟಿ ತಿಮ್ಮಪ್ಪನಿಗೆ ಅಂತ ದೇವರ ಮನೆಯ ಗೂಡಿನಲ್ಲಿ ಇಡುತ್ತಿದ್ದರಲ್ಲ, ಅದು. ಎಷ್ಟೇ ಕಷ್ಟ ಬಂದರೂ ಆ ಗಂಟು ಬಿಚ್ಚುವ ಹಾಗಿಲ್ಲ. ಮಕ್ಕಳಿಗೆ ತಕ್ಷಣ ಅರ್ಥವಾಯಿತು. ಆವತ್ತು ಮನೆಗೆ ಬಂದು ಪದ್ಯ ಪೂರ್ತಿ ಕನ್ನಡಕ್ಕೆ ತಂದೆ.

ಏನು ಫಲ ಆ ರಾಜಕುಲದಿಂದ,
ಏನು ಫಲ ದೇವತೆಯ ಆ ರೂಪದಿಂದ!
ಎಲ್ಲ ಗುಣ, ಎಲ್ಲ ಚೆಲುವು
ರೋಸ್ ಐಲ್ಮರ್, ನಿನ್ನದೇ ಇತ್ತು.
ರೋಸ್ ಐಲ್ಮರ್, ನಿದ್ದೆ ಬಾರದ ಈ ಕಣ್ಣು
ನಿನಗಾಗಿ ಅತ್ತೀತು, ನಿನ್ನ ಕಾಣದು;
ನೆನಪಿನದೊಂದು, ನಿಟ್ಟುಸಿರಿನದೊಂದು ರಾತ್ರಿ
ನಿನಗೆ ಮುಡಿಪು.

ಬರೆದವನು ಯಾವತ್ತೂ ಇಂಡಿಯಾಕ್ಕೆ ಬಂದವನಲ್ಲ. ಅವನ ಗೋರಿ ಇರುವುದು ಇಟಲಿಯ ಫ್ಲಾರೆನ್ಸಿನಲ್ಲಿ. ಕೋಲ್ಕತ್ತ ನೋಡಿದಾಗಿನಿಂದ ಅಲ್ಲಿಗೂ ಹೋಗಬೇಕು ಅನ್ನುವ ಆಸೆ ಮನಸ್ಸಿನಲ್ಲಿತ್ತು. ಮಗಳು ಕೆಲಸದ ಮೇಲೆ ಇಟಲಿಯದೇ ಆದ ಬೊಲೋನ್ಯಕ್ಕೆ ಹೋದಳು. ಈ ವಸಂತದಲ್ಲಿ ನಾಲ್ಕು ದಿನ ರಜೆ ಹಾಕಿಸಿ ಅವಳನ್ನೂ ಹೊರಡಿಸಿದೆ.

ಮೊದಲನೆಯ ದಿನ

ಬೊಲೋನ್ಯದಿಂದ ಫ್ಲಾರೆನ್ಸಿಗೆ ವೇಗದ ರೈಲಿನಲ್ಲಿ ಮುಕ್ಕಾಲು ಗಂಟೆಯೂ ಬೇಡ. ದಾರಿಯೆಲ್ಲ ಸುರಂಗ. ಕಿಟಕಿಯಲ್ಲಿ ನೋಡಲು ಏನೂ ಇಲ್ಲದ್ದರಿಂದ ಮಗಳಿಗೆ ಲ್ಯಾಂಡರ್‌ನ ಕಥೆ ಹೇಳುತ್ತಾ ಕೂತೆ.

ಹುಟ್ಟಿದ್ದು 1775ರ ಜನವರಿ 30, ವಾರಿಕ್ ಊರಿನಲ್ಲಿ. ಅಪ್ಪ ಡಾಕ್ಟರು, ಆಸ್ತಿವಂತರ ಮನೆ. ಕೋಪ ಮಾತ್ರ ಆಸ್ತಿಗಿಂತ ಜಾಸ್ತಿ. ರಗ್ಬಿ ಶಾಲೆ ಬಿಡಬೇಕಾಯಿತು. ಆಕ್ಸ್‌ಫರ್ಡ್‌ನಲ್ಲಿ ಇನ್ನೊಬ್ಬ ವಿದ್ಯಾರ್ಥಿಯ ರಾಜಕೀಯ ಹಿಡಿಸಲಿಲ್ಲ ಅಂತ ಅವನ ಕಿಟಕಿಗೆ ಗುಂಡು ಹಾರಿಸಿದ. ಕೆಲವು ಕಾಲ ಹೊರಗೆ ಹಾಕಿದರು. ಇವನು ತಿರುಗಿ ಹೋಗಲೇ ಇಲ್ಲ. ವೇಲ್ಸ್ ಕರಾವಳಿಯಲ್ಲಿ ಒಬ್ಬನೇ ತಿರುಗಾಡಿಕೊಂಡು, ಓದಿಕೊಂಡು ಇದ್ದಾಗ ರೋಸ್ ಪರಿಚಯವಾದಳು. ಸ್ವಾನ್ಸಿಯ ಬಾಡಿಗೆ ಲೈಬ್ರರಿಯಿಂದ ತಂದ ಒಂದು ಪುಸ್ತಕ ಅವಳು ಇವನಿಗೆ ಓದಲು ಕೊಟ್ಟಳು. ಅದರಲ್ಲಿದ್ದ ಒಂದು ಕಥೆಯೇ 1798ರಲ್ಲಿ ಅವನ ಮೊದಲ ದೊಡ್ಡ ಕಾವ್ಯ 'ಗೆಬಿರ್' ಆಯಿತು. ಅಷ್ಟರಲ್ಲಿ ರೋಸ್‌ಳನ್ನು ಕೋಲ್ಕತ್ತದ ಚಿಕ್ಕಮ್ಮನ ಮನೆಗೆ ಕಳಿಸಿದ್ದರು. ಆ ಚಿಕ್ಕಮ್ಮನ ಗಂಡ ಅಲ್ಲಿ ಜಡ್ಜ್ ಆಗಿದ್ದ ಸರ್ ಹೆನ್ರಿ ರಸೆಲ್. ಅಲ್ಲಿನ ರಸೆಲ್ ಸ್ಟ್ರೀಟ್ ಅವನ ಹೆಸರಿನದೇ. ಮುಂದಿನದು ಆ ಕಲ್ಲಿನ ಮೇಲಿದೆ.

1808ರಲ್ಲಿ ನೆಪೋಲಿಯನ್ ವಿರುದ್ಧ ಹೋರಾಡುತ್ತೇನೆ ಅಂತ ಸ್ವಂತ ದುಡ್ಡು ಸುರಿದು ಸ್ಪೇನಿಗೆ ಹೋದ. ವೇಲ್ಸ್‌ನ ಲಾಂಥೊನಿಯಲ್ಲಿ ಹಳೆಯ ಮಠದ ಜಮೀನು ಕೊಂಡ. ಅಲ್ಲಿ ಗೇಣಿದಾರರ ಜತೆ, ಅಕ್ಕಪಕ್ಕದವರ ಜತೆ, ಅಧಿಕಾರಿಗಳ ಜತೆ ಜಗಳ ಕಾದು, ಸಾಲದಲ್ಲಿ ಮುಳುಗಿ 1814ರಲ್ಲಿ ಇಂಗ್ಲೆಂಡ್ ಬಿಟ್ಟ. ಆಮೇಲೆ ಇಟಲಿಯ ಕೋಮೊ. ಅಲ್ಲಿ ಮೊದಲ ಮಗ ಆರ್ನಲ್ಡ್ ಹುಟ್ಟಿದ. ಅಲ್ಲಿಯೇ ಒಬ್ಬ ಇಟಾಲಿಯನ್ ಕವಿಯನ್ನು ಲ್ಯಾಟಿನ್ ಪದ್ಯದಲ್ಲಿ ಬೈದು ಊರು ಬಿಡುವ ಹಾಗಾಯಿತು. ಪೀಸಾ, ಪಿಸ್ತೋಯ ಎಲ್ಲ ಸುತ್ತಿ 1821ರಲ್ಲಿ ಫ್ಲಾರೆನ್ಸಿಗೆ ಬಂದ.

"ಅಮ್ಮ, ಇಂಥ ಜಗಳಗಂಟನ್ನ ನೀನು ಹೇಗೆ ಇಷ್ಟಪಡ್ತೀಯ?" ಅಂದಳು ಮಗಳು.

"ಮೊದಲು ಊರು ನೋಡೋಣ ಬಾ," ಅಂದೆ. ಸ್ಟೇಷನ್ ಬಂದಿತ್ತು.

ರೂಮಿನಲ್ಲಿ ಚೀಲ ಇಟ್ಟು ಸಾಂತಾ ತ್ರಿನಿತಾ ಸೇತುವೆ ಮೇಲೆ ಆರ್ನೋ ನದಿ ದಾಟಿದೆವು. ನದಿಯ ಆಚೆ ದಡದ ಬಡಾವಣೆಗೆ ಓಲ್ತ್ರಾರ್ನೋ ಅಂತಲೇ ಹೆಸರು. ಪಿತ್ತಿ ಅರಮನೆಯ ಪಕ್ಕ, ಸಾನ್ ಫೆಲೀಚೆ ಚೌಕದಲ್ಲಿ ಕಾಸಾ ಗ್ವಿದಿ ಇದೆ. ಇಂಗ್ಲಿಷ್ ಕವಿ ದಂಪತಿ ಎಲಿಜಬೆತ್ ಬ್ಯಾರೆಟ್ ಮತ್ತು ರಾಬರ್ಟ್ ಬ್ರೌನಿಂಗ್ ಸಂಸಾರ ಮಾಡಿದ ಮನೆ. ಎಲಿಜಬೆತ್ 1861ರ ಜೂನ್‌ನಲ್ಲಿ ಅಲ್ಲಿಯೇ ತೀರಿಕೊಂಡಳು. ಬಾಗಿಲ ಮೇಲಿನ ಕಲ್ಲು, ಅವಳ ಕವಿತೆ ಇಟಲಿಗೂ ಇಂಗ್ಲೆಂಡಿಗೂ ಚಿನ್ನದ ಉಂಗುರವಾಯಿತು ಅನ್ನುತ್ತದೆ. ಜನ ಫೋಟೋ ತೆಗೆಯುತ್ತಿದ್ದರು. ನಾವು ಅಲ್ಲಿ ಜಾಸ್ತಿ ಹೊತ್ತು ನಿಲ್ಲಲಿಲ್ಲ. ನನಗೆ ಬೇಕಿದ್ದ ಬೀದಿ ಇನ್ನೂ ಸ್ವಲ್ಪ ದೂರದಲ್ಲಿತ್ತು.

ವಿಯಾ ದೆಲ್ಲಾ ಕಿಯೆಸಾ. ಆಗ ಅದಕ್ಕೆ ವಿಯಾ ನುನ್ಸಿಯಾತೀನಾ ಅನ್ನುತ್ತಿದ್ದರು. ಕಾರ್ಮಿನೆ ಚರ್ಚಿನ ಕಡೆಯ ಇಕ್ಕಟ್ಟಾದ ಬೀದಿ. ಹಸಿರು ಪಟ್ಟಿಗಳ ಕಿಟಕಿ ಬಾಗಿಲುಗಳು, ಅವುಗಳ ಕೆಳಗೆ ಒಣಹಾಕಿದ ಬಟ್ಟೆ, ಗೋಡೆಗೆ ಒರಗಿಸಿದ ಸ್ಕೂಟರು. ಒಂದು ಅಂಗಡಿಯಲ್ಲಿ ಮರದ ಚೌಕಟ್ಟಿಗೆ ಪಾಲಿಶ್ ಹಾಕುತ್ತಿದ್ದರು, ವಾರ್ನಿಶ್ ವಾಸನೆ ಬೀದಿಯಿಡೀ ತುಂಬಿತ್ತು. ಲ್ಯಾಂಡರ್ ತನ್ನ ಕೊನೆಯ ಐದು ವರ್ಷ ಬದುಕಿದ್ದು, 1864ರ ಸೆಪ್ಟೆಂಬರ್ 17ರಂದು ಸತ್ತಿದ್ದು ಈ ಬೀದಿಯ ಒಂದು ಮನೆಯಲ್ಲಿ.

ಬ್ರೌನಿಂಗ್ ಮಾಡಿಕೊಟ್ಟ ಏರ್ಪಾಡು ಅದು. ಎಲಿಜಬೆತ್ ಹತ್ತಿರ ಹಿಂದೆ ಕೆಲಸಕ್ಕಿದ್ದ ವಿಲ್ಸನ್ ಎಂಬಾಕೆ ಆ ಮನೆ ನೋಡಿಕೊಂಡು ಮುದುಕನನ್ನು ಸಾಕಿದಳು. ಲ್ಯಾಂಡರ್ ಬಗ್ಗೆ ಬರೆಯುವವರು ಯಾರೂ ತಟ್ಟೆಯ ವಿಷಯ ಬಿಡುವುದಿಲ್ಲ. ಊಟ ಹಿಡಿಸದಿದ್ದರೆ ತಟ್ಟೆ ಎತ್ತಿ ಎಸೆಯುತ್ತಿದ್ದನಂತೆ. ನಾನೂ ಕ್ಲಾಸಿನಲ್ಲಿ ಇದನ್ನು ಹೇಳಿ ಮಕ್ಕಳನ್ನು ನಗಿಸಿದ್ದೇನೆ. ಆ ಕಿಟಕಿಗಳ ಕೆಳಗೆ ನಿಂತಾಗ ಮನಸ್ಸಿಗೆ ಕಸಿವಿಸಿಯಾಯಿತು. ನನ್ನ ಅಪ್ಪ ಕೊನೆಯ ತಿಂಗಳಲ್ಲಿ ಗಂಜಿಯ ಲೋಟ ತಳ್ಳಿಬಿಡುತ್ತಿದ್ದರು. ಹಸಿವಿತ್ತು, ಆದರೆ ಆ ಮನೆ ಅವರ ಮನೆಯಾಗಿರಲಿಲ್ಲ, ಊರು ಬಿಡಿಸಿ ನಾವು ಕರೆತಂದಿದ್ದೆವು. ಎಂಬತ್ತೈದು ದಾಟಿದ, ಕಿವಿ ಮಂದವಾದ, ಸ್ವಂತ ಮನೆ ಕಳೆದುಕೊಂಡ ಒಬ್ಬ ಮನುಷ್ಯನ ಬಗ್ಗೆ ತಟ್ಟೆಯ ಕಥೆಯೊಂದನ್ನೇ ಹೇಳಿದರೆ ಏನು ನ್ಯಾಯ?

ಇದೇ ಮನೆಯಲ್ಲಿ ಕೇಟ್ ಫೀಲ್ಡ್ ಎಂಬ ಅಮೆರಿಕದ ಹುಡುಗಿಗೆ ಅವನು ಲ್ಯಾಟಿನ್ ಹೇಳಿಕೊಟ್ಟ. ಅವಳು 1866ರಲ್ಲಿ ಅವನ ಬಗ್ಗೆ ಬರೆದ ನೆನಪುಗಳು ಎಷ್ಟು ಪ್ರೀತಿಯವು! ಜಾಲ್ಲೊ ಅಂತ ಒಂದು ನಾಯಿ ಜತೆಗಿತ್ತು. ಜಾಲ್ಲೊ ಅಂದರೆ ಇಟಾಲಿಯನ್‌ನಲ್ಲಿ ಹಳದಿ. ಇಟಲಿಯನ್ನು ಒಂದು ಮಾಡಲು ಹೊರಟಿದ್ದ ಗರಿಬಾಲ್ದಿಯ ಜತೆ ಹೋರಾಡಿ ಗಾಯಗೊಂಡವರಿಗೆ ಇರಲಿ ಅಂತ ತನ್ನ ಗಡಿಯಾರವನ್ನೇ ಬಿಚ್ಚಿ ಕೊಟ್ಟಿದ್ದ, ಬ್ರೌನಿಂಗ್ ಅದನ್ನು ವಾಪಸ್ ಕೊಡಿಸಿದ. 1864ರ ಮಾರ್ಚ್‌ನಲ್ಲಿ ಇಪ್ಪತ್ತಾರು ವರ್ಷದ ಕವಿ ಸ್ವಿನ್‌ಬರ್ನ್ ಇವನನ್ನು ನೋಡಲೆಂದೇ ಇಂಗ್ಲೆಂಡಿನಿಂದ ಬಂದ.

ಸಂಜೆ ಇನ್ನೂ ಬೆಳಕಿದೆಯಲ್ಲ ಅಂತ ಅವನ ಗೋರಿ ಇರುವ ಸ್ಮಶಾನಕ್ಕೂ ನಡೆದೆವು. ಗೇಟು ಹಾಕಿತ್ತು. ಕಂಬಿಯಾಚೆ ಬರೀ ಸೈಪ್ರೆಸ್ ಮರಗಳ ತುದಿ ಕಾಣಿಸಿತು.

ಎರಡನೆಯ ದಿನ

ಈ ದಿನಕ್ಕಾಗಿಯೇ ನಾನು ಬಂದಿದ್ದೆ ಅಂದರೂ ಸರಿ. 7ನೇ ನಂಬರ್ ಬಸ್ಸು ಹತ್ತಿ ಫಿಯೆಸೊಲೆ ಗುಡ್ಡದ ದಾರಿಯಲ್ಲಿ ಸಾನ್ ದೊಮೆನಿಕೊ ಹತ್ತಿರ ಇಳಿದೆವು. ಅಲ್ಲಿಂದ ವಿಯಾ ದೆಲ್ಲೆ ಫೊಂತಾನೆಲ್ಲೆ ಎಂಬ ರಸ್ತೆ. ರಸ್ತೆ ಅನ್ನುವುದಕ್ಕಿಂತ ಓಣಿ. ಎರಡೂ ಕಡೆ ಕಲ್ಲಿನ ಗೋಡೆ, ಗೋಡೆಯ ಮೇಲಿಂದ ಬಾಗಿದ ಆಲಿವ್ ಕೊಂಬೆಗಳು. ಕಾರು ಬಂದರೆ ಗೋಡೆಗೆ ಅಂಟಿಕೊಂಡು ನಿಲ್ಲಬೇಕು. ಸ್ವಲ್ಪ ದೂರ ನಡೆದ ಮೇಲೆ ಮನೆ ಕಾಣುವ ಮುಂಚೆ ಶಬ್ದ ಕೇಳಿಸಿತು. ಯಾರೋ ಚೆಲ್ಲೊ ಅಭ್ಯಾಸ ಮಾಡುತ್ತಿದ್ದರು. ಒಂದೇ ಸಾಲು, ತಪ್ಪಿದ ಕಡೆ ನಿಲ್ಲಿಸಿ ಮತ್ತೆ ಮೊದಲಿಂದ.

ಅದೇ ಮನೆ. ಆಗ ಅದು ವಿಲ್ಲಾ ಗೆರಾರ್ದೆಸ್ಕಾ. ಈಗ ಲಾ ತೊರ್ರಾಚಿಯಾ ಅನ್ನುತ್ತಾರೆ, ಫಿಯೆಸೊಲೆಯ ಸಂಗೀತ ಶಾಲೆ ಅಲ್ಲಿ ನಡೆಯುತ್ತದೆ. 1829ರಲ್ಲಿ ಜೋಸೆಫ್ ಆಬ್ಲೆಟ್ ಎಂಬ ಸ್ನೇಹಿತ ಕೊಟ್ಟ ಸಾಲದಲ್ಲಿ ಲ್ಯಾಂಡರ್ ಇದನ್ನು ಕೊಂಡ. ಜೀವನದಲ್ಲಿ ಅಷ್ಟು ಸಂತೋಷ ಅವನಿಗೆ ಬೇರೆಲ್ಲೂ ಸಿಗಲಿಲ್ಲ. ಏನೇನು ನೆಟ್ಟೆ ಅಂತ ಪತ್ರವೊಂದರಲ್ಲಿ ಲೆಕ್ಕ ಒಪ್ಪಿಸಿದ್ದಾನೆ: 200 ಸೈಪ್ರೆಸ್, 600 ದ್ರಾಕ್ಷಿ ಬಳ್ಳಿ, 400 ಗುಲಾಬಿ. ತೋಟ ಮಾಡಿದವರಿಗೆ ಗೊತ್ತು, ಹೀಗೆ ಎಣಿಸಿ ಬರೆಯುವ ಮನಸ್ಸು ಎಂಥದು ಅಂತ. ನಮ್ಮ ಮಾವ ಮಡಿಕೇರಿಯ ತೋಟದಿಂದ ಬರೆಯುತ್ತಿದ್ದ ಕಾಗದಗಳಲ್ಲಿ ಕ್ಷೇಮ ಸಮಾಚಾರಕ್ಕಿಂತ ಮೊದಲು ಕಿತ್ತಳೆ ಗಿಡಗಳ ಲೆಕ್ಕ ಇರುತ್ತಿತ್ತು.

ಆಫ್ರಿಕೊ, ಮೆನ್ಸೊಲಾ ಅಂತ ಎರಡು ತೊರೆಗಳು ಈ ಗುಡ್ಡದಲ್ಲಿ ಹರಿಯುತ್ತವೆ. ಇಟಾಲಿಯನ್ ಕವಿ ಬೊಕಾಚಿಯೊ ಹದಿನಾಲ್ಕನೇ ಶತಮಾನದಲ್ಲಿ ಈ ತೊರೆಗಳ ಮೇಲೆಯೇ ಕಾವ್ಯ ಕಟ್ಟಿದ್ದ. ಅವನು ಬರೆದ ನೆಲ ಈಗ ನನ್ನದು ಅನ್ನುವ ಹೆಮ್ಮೆ ಲ್ಯಾಂಡರ್‌ಗೆ ತುಂಬಾ ಇತ್ತು. ನೀರಿನ ಹಕ್ಕಿಗಾಗಿ ಪಕ್ಕದ ಮನೆಯವನ ಜತೆ ಕೋರ್ಟಿಗೂ ಹೋದ. ವಿಷಯ ದ್ವಂದ್ವ ಯುದ್ಧದ ಸವಾಲಿನ ತನಕ ಹೋಗಿ, ಸ್ನೇಹಿತರು ಮಧ್ಯೆ ಬಂದು ಬಿಡಿಸಿದರು. ಮಗಳಿಗೆ ಇದು ವಿಚಿತ್ರ ಅನ್ನಿಸಿತು. ಕಾಲುವೆ ನೀರಿಗೆ ಅಣ್ಣತಮ್ಮಂದಿರು ಮಾತು ಬಿಟ್ಟಿದ್ದನ್ನು ನೋಡಿ ಬೆಳೆದ ನನಗೆ ಏನೂ ಅನ್ನಿಸಲಿಲ್ಲ.

ಗೋಡೆಯ ನೆರಳಲ್ಲಿ ಕೂತು ತಂದಿದ್ದ ಬ್ರೆಡ್ಡು, ಟೊಮೆಟೊ ತಿಂದೆವು. ಕೆಳಗೆ ಊರು ಪೂರ್ತಿ ಕಾಣುತ್ತಿತ್ತು, ಮಧ್ಯೆ ದುಓಮೊ ಎಂಬ ದೊಡ್ಡ ಚರ್ಚಿನ ಕೆಂಪು ಗುಮ್ಮಟ. ಗೋಡೆಯ ಬುಡದಲ್ಲಿ, ಎರಡು ಕಲ್ಲುಗಳ ಸಂದಿಯಲ್ಲಿ ಒಂದು ನೇರಳೆ ಬಣ್ಣದ ಪುಟ್ಟ ಹೂ. ಹೆಬ್ಬೆರಳಿನ ಉಗುರಿನಷ್ಟು ದೊಡ್ಡದು, ಅಷ್ಟೆ. ಕಾಂಡ ಸ್ವಲ್ಪ ಬಾಗಿ, ಮುಖ ನೆಲದ ಕಡೆ ತಿರುಗಿಸಿಕೊಂಡಿತ್ತು. ಮಗಳು ಕೀಳಲು ಕೈ ಚಾಚಿದಳು.

"ಬೇಡ ಕಣೇ, ಬಿಡು," ಅಂದೆ. ಹೇಳಿದ ಮೇಲೆ ನನಗೇ ಮೈ ಜುಂ ಅಂದಿತು.

ಯಾಕೆಂದರೆ ಲ್ಯಾಂಡರ್ ಇದೇ ಗುಡ್ಡದ ಮೇಲೆ ಬರೆದ ಒಂದು ಕವಿತೆಯಲ್ಲಿ ಇದೇ ಮಾತಿದೆ. ನಾನು ಗುಲಾಬಿಯನ್ನು ಕೀಳುವುದಿಲ್ಲ. ದಂಡೆಯ ಮೇಲಿನ ವಯೊಲೆಟ್ ಹೂವಿನ ತಲೆ ನನ್ನ ಉಸಿರಿಗೆ ಅಲುಗಿದ್ದುಂಟು, ಆದರೆ ಅದು ನನ್ನನ್ನು ದೂರಲಿಲ್ಲ ಅನ್ನುತ್ತಾನೆ. ಹೂವಿನ ಹತ್ತಿರ ಬಾಗಿ ವಾಸನೆ ನೋಡಿ, ಅದನ್ನು ಗಿಡದಲ್ಲಿಯೇ ಬಿಟ್ಟು ಏಳುತ್ತಾನೆ. ಇಂಗ್ಲಿಷ್ ಕಾವ್ಯದಲ್ಲಿ ಹೂವಿಗೆ ಇಷ್ಟು ಮರ್ಯಾದೆ ಕೊಟ್ಟ ಸಾಲುಗಳು ಕಡಿಮೆ ಅಂತ ನನಗೆ ಅನ್ನಿಸುತ್ತದೆ.

ಈ ಹೂವಿನ ಮೇಲೂ ಒಂದು ಕಥೆ ಕಟ್ಟಿದ್ದಾರೆ. ಅಡುಗೆಯವನ ಮೇಲೆ ಸಿಟ್ಟು ಬಂದು ಅವನನ್ನು ಕಿಟಕಿಯಿಂದ ಹೊರಗೆ ಎಸೆದನಂತೆ. ಮರುಕ್ಷಣ, ಅಯ್ಯೋ ದೇವರೇ, ಕೆಳಗೆ ವಯೊಲೆಟ್ ಗಿಡ ಇದ್ದಿದ್ದು ಮರೆತೆ ಅಂದನಂತೆ. ಬಾಯಿಂದ ಬಾಯಿಗೆ ಬಂದ ಕಥೆ. ಇದು ಎಲ್ಲರಿಗೂ ಗೊತ್ತು, ಆ ಕವಿತೆ ಯಾರಿಗೂ ಗೊತ್ತಿಲ್ಲ. ನನಗೆ ಬೇಜಾರು ಇದೇ. 'ಇಮ್ಯಾಜಿನರಿ ಕಾನ್ವರ್ಸೇಷನ್ಸ್' ಅಂತ ಅವನ ದೊಡ್ಡ ಗದ್ಯ ಕೃತಿ ಇದೆ, 1824ರಿಂದ ಬರತೊಡಗಿದ್ದು. ಸತ್ತು ಹೋದ ರಾಜರು, ಕವಿಗಳು, ಹೆಂಗಸರು ಇಬ್ಬಿಬ್ಬರಾಗಿ ಕೂತು ಮಾತಾಡುವ ಹಾಗೆ ಬರೆದಿದ್ದಾನೆ. ಹೆಚ್ಚಿನದು ಫ್ಲಾರೆನ್ಸಿನಲ್ಲಿ ಬರೆದಿದ್ದು. ಎದುರಿಗೆ ಕೂತವರ ಜತೆ ಹತ್ತು ನಿಮಿಷ ಮಾತಾಡಿದರೆ ಜಗಳವಾಗುತ್ತಿದ್ದ ಮನುಷ್ಯ, ಕಾಗದದ ಮೇಲೆ ಇಬ್ಬರ ಮಾತನ್ನೂ ಎಷ್ಟು ತಾಳ್ಮೆಯಿಂದ ಕೇಳಿಸಿಕೊಳ್ಳುತ್ತಾನೆ! 1833ರ ಮೇ ತಿಂಗಳಲ್ಲಿ ಅಮೆರಿಕದ ಲೇಖಕ ಎಮರ್ಸನ್ ಈ ಮನೆಗೆ ಬಂದು ಅವನ ಜತೆ ಊಟ ಮಾಡಿದ್ದ.

1835ರಲ್ಲಿ ಹೆಂಡತಿ ಜೂಲಿಯಾ ಮಕ್ಕಳ ಎದುರಿಗೆ ಅವನನ್ನು ಬೈದಳು. ಅವನು ಮನೆ ಬಿಟ್ಟ. ಆಸ್ತಿಯ ಆದಾಯದ ಬಹುಪಾಲು ಹೆಂಡತಿ ಮಕ್ಕಳಿಗೆ ಬರೆದುಕೊಟ್ಟು, ಇಂಗ್ಲೆಂಡಿನ ಬಾತ್ ಊರಿನಲ್ಲಿ ಒಂದು ನಾಯಿಯ ಜತೆ ಇಪ್ಪತ್ತು ವರ್ಷ ಕಳೆದ. ಡಿಕನ್ಸ್ ಇವನನ್ನು ನೋಡಿಯೇ 'ಬ್ಲೀಕ್ ಹೌಸ್' ಕಾದಂಬರಿಯ ಬಾಯ್ಥಾರ್ನ್ ಪಾತ್ರ ಮಾಡಿದ್ದು. 83ನೇ ವಯಸ್ಸಿನಲ್ಲಿ ಮಾನನಷ್ಟದ ಕೇಸಿನಲ್ಲಿ ಸಿಕ್ಕಿಕೊಂಡು, 1858ರಲ್ಲಿ ತಿರುಗಿ ಈ ಮನೆಗೇ ಬಂದ. ತಾನು ನೆಟ್ಟ ಮರಗಳು ಅಷ್ಟು ಹೊತ್ತಿಗೆ ದೊಡ್ಡದಾಗಿದ್ದವು. ಮನೆಯವರಿಗೆ ಮಾತ್ರ ಅವನು ಬೇಡವಾಗಿದ್ದ. ಹಲವು ಸಲ ಹೊರಟು, ಹಲವು ಸಲ ಮರಳಿ, 1859ರ ಜುಲೈ ತಿಂಗಳ ಬಿಸಿಲಲ್ಲಿ ಜೇಬಿನಲ್ಲಿ ಚಿಲ್ಲರೆ ಕಾಸು ಇಟ್ಟುಕೊಂಡು ಗುಡ್ಡ ಇಳಿದುಬಿಟ್ಟ. ಬ್ರೌನಿಂಗ್ ಕಣ್ಣಿಗೆ ಬೀಳದಿದ್ದರೆ ಏನಾಗುತ್ತಿತ್ತೋ. ಇಂಗ್ಲೆಂಡಿನಲ್ಲಿದ್ದ ತಮ್ಮಂದಿರಿಗೆ ಬ್ರೌನಿಂಗ್ ಕಾಗದ ಬರೆದು, ವರ್ಷಕ್ಕೆ 200 ಪೌಂಡ್ ಬರುವ ಹಾಗೆ ಮಾಡಿದ.

ವಾಪಸ್ ಹೋಗಲು ಬಸ್ಸು ಹತ್ತೋಣ ಅಂದಳು ಮಗಳು. ನಾನು ನಡೆದೇ ಇಳಿಯೋಣ ಅಂದೆ. ಅವನು ಇಳಿದ ಗುಡ್ಡ. ಮಂಡಿ ನೋವಿಗೆ ಅಲ್ಲಲ್ಲಿ ಕೂತೆ. ನಡುವಯಸ್ಸು ದಾಟಿದ ನನಗೆ ಒಂದೂವರೆ ಗಂಟೆ ಹಿಡಿಯಿತು. ಅವನಿಗೆ 84.

ಮೂರನೆಯ ದಿನ

ಸಿಯೆನಾಕ್ಕೆ ಬಸ್ಸಿನಲ್ಲಿ ಹೋಗಿಬಂದೆವು. ಬೆಳಗ್ಗೆಯಿಂದ ಜಿಟಿಜಿಟಿ ಮಳೆ. ಮನೆ ಬಿಟ್ಟ ಆ ಬೇಸಿಗೆಯಲ್ಲಿ ಬ್ರೌನಿಂಗ್ ದಂಪತಿ ಅವನನ್ನು ಇಲ್ಲಿಗೆ ಕಳಿಸಿದ್ದರು. ಊರ ಹೊರಗೆ ಮಾರ್ಚಿಯಾನೊದಲ್ಲಿ ಅಮೆರಿಕದ ಶಿಲ್ಪಿ ವಿಲಿಯಂ ಸ್ಟೋರಿಯ ಬಾಡಿಗೆ ಬಂಗಲೆ ಇತ್ತು. ಬಾಗಿಲಲ್ಲಿ ಬಂದು ನಿಂತ ಮುದುಕನನ್ನು ನೋಡಿ ಆ ಮನೆಯವರಿಗೆ ಮಕ್ಕಳು ಹೊರಹಾಕಿದ ಲಿಯರ್ ರಾಜನ ನೆನಪಾಯಿತಂತೆ. ಕೆಲವೇ ವಾರಗಳಲ್ಲಿ ಚೇತರಿಸಿಕೊಂಡ. ಬೆಳಗಾದರೆ ಸೈಪ್ರೆಸ್ ಮರದ ಕೆಳಗೆ ಕೂತು ಗರಿಬಾಲ್ದಿಯ ಮೇಲೆ ಲ್ಯಾಟಿನ್ ಪದ್ಯ ಬರೆಯುತ್ತಿದ್ದ. ಎಲ್ಲವೂ ಹೋದ ಮೇಲೂ ಛಂದಸ್ಸು ಕೈಬಿಟ್ಟಿರಲಿಲ್ಲ.

ಆ ಕಡೆಯ ಬಂಗಲೆಗಳು ಖಾಸಗಿಯವು. ನಾವು ಒಳಗೆ ಹೋಗಲು ಪ್ರಯತ್ನಿಸಲಿಲ್ಲ. ಕಾಂಪೊ ಚೌಕದ ಮೂಲೆಯಲ್ಲಿ ಕಾಫಿ ಕುಡಿಯುತ್ತಾ ಮಗಳಿಗೆ ಅವನ ನಾಲ್ಕು ಸಾಲು ಹೇಳಿದೆ. 1849ರಲ್ಲಿ ಹುಟ್ಟುಹಬ್ಬದ ಹೊತ್ತಿನಲ್ಲಿ ಬರೆದಿದ್ದು. ನಾನು ಯಾರೊಡನೆಯೂ ಸೆಣಸಲಿಲ್ಲ, ಸೆಣಸಲು ತಕ್ಕವರು ಯಾರೂ ಇರಲಿಲ್ಲ ಅಂತ ಶುರುವಾಗುತ್ತದೆ. ಮಗಳು ನಕ್ಕಳು. ಕ್ಲಾಸಿನಲ್ಲೂ ಎಲ್ಲರೂ ಅಲ್ಲಿ ನಗುತ್ತಿದ್ದರು. ಆಮೇಲಿನದು ಕೇಳು ಅಂದೆ: ಮೊದಲು ಪ್ರಕೃತಿಯನ್ನು ಪ್ರೀತಿಸಿದೆ, ಆಮೇಲೆ ಕಲೆಯನ್ನು, ಬದುಕಿನ ಬೆಂಕಿಯ ಮುಂದೆ ಎರಡೂ ಕೈ ಕಾಯಿಸಿಕೊಂಡೆ, ಅದು ಆರುತ್ತಿದೆ, ನಾನು ಹೊರಡಲು ಸಿದ್ಧ.

"ಎರಡೂ ಕೈ ಅಂದಿದ್ದು ಚೆನ್ನಾಗಿದೆ," ಅಂದಳು. ಕಾಫಿ ಲೋಟವನ್ನು ಎರಡೂ ಕೈಯಲ್ಲಿ ಹಿಡಿದಿದ್ದಳು. ಹೊರಡಲು ಸಿದ್ಧ ಅಂದವನು ಅದಾದ ಮೇಲೆ ಹದಿನೈದು ವರ್ಷ ಬದುಕಿದ.

ನಾಲ್ಕನೆಯ ದಿನ

ಇಂಗ್ಲಿಷ್ ಸ್ಮಶಾನ ಇರುವುದು ದೊನಾತೆಲ್ಲೊ ಚೌಕದಲ್ಲಿ. ಹೆಸರಿಗೆ ಚೌಕ. ವಾಹನಗಳು ಎಡೆಬಿಡದೆ ಓಡುವ ರಸ್ತೆಯ ನಡುವೆ ಮೊಟ್ಟೆಯಾಕಾರದ ಒಂದು ದಿಬ್ಬ. 1827ರಲ್ಲಿ ಶುರುವಾದಾಗ ಅದು ಕೋಟೆ ಗೋಡೆಯ ಆಚೆಗಿತ್ತು. ಕ್ಯಾಥೊಲಿಕ್ ಅಲ್ಲದ ಪರದೇಶದವರನ್ನು ಊರೊಳಗೆ ಹೂಳುವ ಹಾಗಿರಲಿಲ್ಲ. ಆಮೇಲೆ ಕೋಟೆ ಒಡೆದು ರಸ್ತೆ ಮಾಡಿದರು, 1877ರಲ್ಲಿ ಹೂಳುವುದು ನಿಂತಿತು. ಈಗಲೂ ಅದು ಸ್ವಿಸ್ ಚರ್ಚಿನವರದು.

ಸಿಗ್ನಲ್‌ಗೆ ಕಾದು ರಸ್ತೆ ದಾಟಿ ಒಳಗೆ ಹೋದೆವು. ನಡುವಿನ ದಾರಿಯ ಎಡಕ್ಕೆ ಎಲಿಜಬೆತ್ ಬ್ಯಾರೆಟ್ ಬ್ರೌನಿಂಗ್ ಗೋರಿ, ಆರು ಕಂಬಗಳ ಮೇಲೆ ನಿಂತ ಬಿಳಿ ಕಲ್ಲಿನ ಪೆಟ್ಟಿಗೆ. ಆರ್ಥರ್ ಹ್ಯೂ ಕ್ಲಫ್ ಎಂಬ ಇನ್ನೊಬ್ಬ ಕವಿಯೂ ಇಲ್ಲಿಯೇ ಇದ್ದಾನೆ, 42 ವರ್ಷಕ್ಕೆ ತೀರಿಕೊಂಡವನು. ಸುತ್ತ ಐರಿಸ್ ಹೂಗಳು.

ಲ್ಯಾಂಡರ್‌ನ ಗೋರಿ ನೆಲಕ್ಕೆ ಹಾಸಿದ ಕಲ್ಲು, ಅಷ್ಟೇ. ಬಾತ್ ಪಕ್ಕದ ವಿಡ್ಕೊಂಬ್ ಚರ್ಚಿನ ಅಂಗಳದಲ್ಲಿ ಮಲಗಬೇಕು ಅಂತ ಜಾಗ ಕೂಡ ನೋಡಿಟ್ಟಿದ್ದ. ಅದು ಆಗಲಿಲ್ಲ. ಅವನನ್ನು ಮನೆಯಲ್ಲಿ ಇಟ್ಟುಕೊಳ್ಳದ ಹೆಂಡತಿ ಮಕ್ಕಳು, ಇದು ನಮ್ಮ ಕೊನೆಯ ದುಃಖದ ಕಾಣಿಕೆ ಅಂತ ಗೋರಿಯ ಮೇಲೆ ಬರೆಸಿದ್ದರು. ಇದೇ ಸ್ಮಶಾನದಲ್ಲಿ ಮಗ ಆರ್ನಲ್ಡ್ ಗೋರಿಯೂ ಇದೆ. ಅದರ ಮೇಲೆ ಒಬ್ಬ ಹೆಂಗಸಿನ ಮೂರ್ತಿ, ಅದು ತಾಯಿ ಜೂಲಿಯಾ. ಅವಳನ್ನು ನೋಡುತ್ತಾ ಸ್ವಲ್ಪ ಹೊತ್ತು ನಿಂತೆ. ಮೂವತ್ತೈದು ದಾಟಿದ, ಸಾಲ ಮಾಡಿಕೊಳ್ಳುತ್ತಿದ್ದ ಕೋಪಿಷ್ಠನನ್ನು ಮದುವೆಯಾಗಿ, ಊರಿಂದ ಊರಿಗೆ ಮಕ್ಕಳನ್ನು ಕಟ್ಟಿಕೊಂಡು ಅಲೆದವಳು ಅವಳು. ಅವಳ ಪಾಲಿನ ಮಾತನ್ನು ಯಾರೂ ಬರೆದಿಡಲಿಲ್ಲ.

ಅವನ ಕಲ್ಲಿನ ಪಕ್ಕ ಕೂತು ಮಗಳು ಫೋನಿನಲ್ಲಿ ರೋಸ್ ಐಲ್ಮರ್ ಪದ್ಯ ಹುಡುಕಿ ಓದಿದಳು. ನಾನು ಕನ್ನಡದ್ದು ಹೇಳಿದೆ. ಆಗ ಅವಳಿಗೆ ಒಂದು ಸಂಗತಿ ಹೇಳಬೇಕು ಅನ್ನಿಸಿತು. 1806ರಲ್ಲಿ ಇದು ಮೊದಲು ಅಚ್ಚಾದಾಗ ಆ ಸಾಲಿನಲ್ಲಿ ನೆನಪು ಅನ್ನುವ ಪದ ಇರಲಿಲ್ಲ. ದುಃಖ ಅಂತ ಇತ್ತು. ದುಃಖದ ಒಂದು ರಾತ್ರಿ. ಎಷ್ಟೋ ವರ್ಷ ಕಳೆದ ಮೇಲೆ ಅವನು ಆ ಒಂದು ಪದ ತೆಗೆದು ನೆನಪು ಅಂತ ಮಾಡಿದ.

"ನೀನು ಮೊದಲ ದಿನ ಕೇಳಿದೆಯಲ್ಲ, ಇವನನ್ನ ಯಾಕೆ ಇಷ್ಟಪಡ್ತೀಯ ಅಂತ," ಅಂದೆ. "ಒಂದು ನಿಮಿಷ ಸಿಟ್ಟು ತಡೆಯೋಕೆ ಆಗದವನು ಒಂದು ಪದಕ್ಕೆ ಅಷ್ಟು ವರ್ಷ ಕಾದ."

ಮಗಳು ಏನೂ ಹೇಳಲಿಲ್ಲ. ಕಲ್ಲಿನ ಮೇಲೆ ಬಿದ್ದಿದ್ದ ಸೈಪ್ರೆಸ್ ಕಾಯಿಗಳನ್ನು ಒಂದೊಂದಾಗಿ ಆರಿಸಿ ಪಕ್ಕಕ್ಕಿಟ್ಟಳು. ಆಚೆ ಬಸ್ಸುಗಳ ಸದ್ದು ಕೇಳುತ್ತಲೇ ಇತ್ತು. ಹೊರಡುವ ಹೊತ್ತಾಯಿತು ಅಂತ ಎದ್ದೆವು.

ಗೇಟಿನ ಹತ್ತಿರ ಬಂದಾಗ ಕೇಳಿದಳು. "ಡಿಸೆಂಬರ್‌ನಲ್ಲಿ ಊರಿಗೆ ಬರ್ತೀನಲ್ಲಮ್ಮ, ಆಗ ಕೋಲ್ಕತ್ತಕ್ಕೆ ಹೋಗೋಣ್ವಾ?"

"ಹೋಗೋಣ," ಅಂದೆ. ಸಿಗ್ನಲ್ ಹಸಿರಾಯಿತು. ಅವಳು ನನ್ನ ಕೈ ಹಿಡಿದು ರಸ್ತೆ ದಾಟಿಸಿದಳು.